ಗಂಡು ನೋಡುವ ಶಾಸ್ತ್ರ

"ನನ್ನ ನೋಡಕ್ ಬಂದಾಗ ಒಂದ್ ಹಾಡೇಳು ಅಂದಿದ್ರು. ಇವತ್ತು ಹುಡುಗ ಬಾರಿಸ್ಲಿ," ಎಂದರು ಅಕ್ಕಯಮ್ಮ.

ಉತ್ತರಹಳ್ಳಿಯ ಆ ಮನೆಯ ಹಾಲಿನಲ್ಲಿ ಗುಲ್ಲೆದ್ದಿತು. ಮೆಟ್ಟಿಲ ಮೇಲೆ ಕಿಕ್ಕಿರಿದಿದ್ದ ಬಾಡಿಗೆ ಮನೆಗಳ ಹುಡುಗಿಯರು ಚಪ್ಪಾಳೆಯನ್ನೇ ತಟ್ಟಿಬಿಟ್ಟರು. ತಟ್ಟದೆ ಇರುತ್ತಾರೆಯೇ? ಸೋಫಾದ ತುದಿಯಲ್ಲಿ ಕೂತಿದ್ದವನು ಪಿಯಾನೋ ಸುಮೇಧ! ಹೋಟೆಲಿನಲ್ಲಿ ಊಟ ಮಾಡುವವರ ಬೆನ್ನಿಗೆ ನುಡಿಸುತ್ತ ಶುರು ಮಾಡಿದ ಜಯನಗರದ ಹುಡುಗ ಈಗ ದುಬೈ, ಸಿಂಗಪುರ ಸುತ್ತಿ ಬರುತ್ತಾನೆ. ಅವನ ಪ್ರೇಮದ ರಾಗಗಳಿಲ್ಲದೆ ಬೆಂಗಳೂರಿನಲ್ಲಿ ರಿಸೆಪ್ಷನ್ನೇ ನಡೆಯುವುದಿಲ್ಲ. ಅವನ ವಿಡಿಯೋಗಳ ಕೆಳಗಂತೂ ಕೆಂಪು ಹೃದಯಗಳ ರಾಶಿ.

ಆ ಹೃದಯಗಳೇ ಬೈರಣ್ಣನ ನಿದ್ದೆ ಕೆಡಿಸಿದ್ದವು. ಮಗಳು ಹೇಮಶ್ರೀ ಮದುವೆಯಾದರೆ ಇವನನ್ನೇ ಎಂದು ಹಟ ಹಿಡಿದಿದ್ದಳು. ಅವಳೊಂದಿಗೆ ವಾದಿಸಿ ಸೋತ ಬೈರಣ್ಣ, "ನಿಮ್ಮಜ್ಜಿ ಹೂಂ ಅಂದ್ರೆ ಹೂಂ, ಇಲ್ಲ ಅಂದ್ರೆ ಇಲ್ಲ," ಎಂದು ಭಾರವನ್ನೆಲ್ಲ ತಾಯಿ ಅಕ್ಕಯಮ್ಮನ ತಲೆಗೆ ಕಟ್ಟಿದ್ದ. ಈಗ ನೋಡಿದರೆ ತಾಯಿ ಸಂಗೀತ ಕಚೇರಿ ಇಡಿಸಲು ಹೊರಟಿದ್ದರು.

"ಏನವ್ವಾ ನೀನು? ಊರ್ ಹುಡ್ಗೀರ್ಗೆಲ್ಲ ಪ್ರೀತಿ ಹಂಚೋನು ಇವ್ನು. ಬಾರಿಸ್ದಾ ಅಂದ್ರೆ ನೀನೂ ಬಿದ್ದೋಯ್ತೀಯ!"

"ನಾನು ಬೀಳೋ ವಯಸ್ಸು ದಾಟೋಯ್ತು ಕಣ್ಲಾ. ನೀನ್ ಬಾರಿಸಪ್ಪ."

ಸಂಜೆ ಜೆ.ಪಿ. ನಗರದಲ್ಲಿ ಕಾರ್ಯಕ್ರಮವಿದ್ದುದರಿಂದ ಕೀಬೋರ್ಡ್ ಕಾರಿನಲ್ಲೇ ಇತ್ತು. ಅದನ್ನು ಹೊತ್ತು ತರಲು ಹುಡುಗಿಯರು ನಾ ಮುಂದು ತಾ ಮುಂದು ಎಂದು ಓಡಿದರು. ಸುಮೇಧ ಅಂಗಿಯ ತೋಳು ಮಡಿಸಿ ಕೂತ. ಎದುರಿಗೆ ಅಜ್ಜಿಯ ಪಕ್ಕದಲ್ಲಿ ಹೇಮಶ್ರೀ ಉಸಿರು ಬಿಗಿಹಿಡಿದಿದ್ದಳು. ಇದೊಂದು ಚೆನ್ನಾಗಿ ಆಗಿಬಿಟ್ಟರೆ ಸಾಕು, ಗೆದ್ದಂತೆ! ಅವನು ಶುರು ಮಾಡಿದ್ದು ಊರಿನ ಅರ್ಧ ಜನ ಕಾಲರ್ ಟ್ಯೂನ್ ಮಾಡಿಕೊಂಡಿದ್ದ ಅವನದೇ ರಾಗ.

ಮೊದಲ ಸಾಲು ಜೇನಿನಂತೆ ಇಳಿಯಿತು. ಎರಡನೆಯದಕ್ಕೆ ಬೆರಳು ಜಾರಿತು. ಅವನು ನಕ್ಕು ಮೊದಲಿನಿಂದ ಹಿಡಿದ. ಮತ್ತೆ ಅಲ್ಲೇ ಜಾರಿತು. ಇನ್ನೊಮ್ಮೆ ಹಿಡಿದಾಗ ಅರ್ಧಕ್ಕೆ ನಿಂತೇ ಹೋಯಿತು. ಮುಂದೇನೆಂದು ಮರೆತವನಂತೆ ಅವನು ಕೀಗಳನ್ನೇ ನೋಡುತ್ತ ಕೂತ. ಪಾಪ, ಮೆಟ್ಟಿಲ ಮೇಲಿನ ಒಬ್ಬ ಹುಡುಗಿ ತಡೆಯಲಾರದೆ ಮುಂದಿನ ಸಾಲನ್ನು ಗುನುಗಿ ತೋರಿಸಿದಳು. ಅದರಿಂದ ಅವನ ಕಿವಿ ಇನ್ನಷ್ಟು ಕೆಂಪಾಯಿತು. ಹೇಮಶ್ರೀ ತಲೆ ತಗ್ಗಿಸಿದಳು.

ಬೈರಣ್ಣ ಖುಷಿಯಿಂದ ಎದ್ದೇ ನಿಂತ. "ಇಷ್ಟೇನಾ ಇವನ ಬಂಡವಾಳ? ಬಂದ ದಾರಿಗೆ ಸುಂಕ ಇಲ್ಲ, ಹೊರಡಪ್ಪ."

"ನೀನ್ ಸುಮ್ಕಿರೋ," ಎಂದರು ಅಕ್ಕಯಮ್ಮ. "ಏನಪ್ಪಾ, ಸ್ಟೇಜ್ ಮೇಲೂ ಹಿಂಗೇ ತಪ್ತೀಯಾ?"

"ಯಾವತ್ತೂ ಇಲ್ಲ ಅಜ್ಜಿ. ಇದನ್ನ ಕಣ್ಣು ಮುಚ್ಕೊಂಡು ನುಡಿಸ್ತೀನಿ."

"ಮತ್ತೆ ಇವತ್ತೇನಾಯ್ತು?"

"ಅಲ್ಲಿ ತಪ್ಪಿದ್ರೆ ಚಪ್ಪಾಳೆ ಕಮ್ಮಿ ಆಗುತ್ತೆ, ಅಷ್ಟೇ. ಇಲ್ಲಿ ತಪ್ಪಿದ್ರೆ..." ಅವನು ಹೇಮಶ್ರೀಯತ್ತ ನೋಡಿದ.

ಅಕ್ಕಯಮ್ಮ ಸೊಂಟ ಹಿಡಿದುಕೊಂಡು ಎದ್ದು ಬಂದು ಅವನ ಎರಡೂ ಕೈಗಳನ್ನು ತಮ್ಮ ಕೈಯೊಳಗೆ ತೆಗೆದುಕೊಂಡರು. ಅವು ಮಂಜುಗಡ್ಡೆಯಷ್ಟು ತಣ್ಣಗಿದ್ದವು. ಮುದುಕಿಯ ಬೊಚ್ಚುಬಾಯಿ ಅಗಲವಾಗಿ ಅರಳಿತು.

"ಅವ್ವಾ, ಅಷ್ಟೊಂದ್ ತಪ್ ಬಾರಿಸ್ದ!" ಎಂದ ಬೈರಣ್ಣ.

"ನಮ್ ಹುಡ್ಗಿ ಮುಂದೆ ತಾನೇ ತಪ್ಪಿದ್ದು! ಹೋಗು, ಎಲೆ ಅಡಿಕೆ ತಟ್ಟೆ ತತ್ತಾ. ಈ ಕೈ ಬೆಚ್ಚಗಾಗೋದ್ರೊಳಗೆ ಕೊಟ್ಬಿಡಾನ."