ಬೆಂಚಿನಲ್ಲೊಂದು ಜಾಗ

“ಹೋಗೇ, ನಿನ್ನಮ್ಮನ ಹತ್ರ ಒಂದ್ಸಲ ತುಟಿಯಾಟ ಆಡಿ ತೋರ್ಸು. ಆಮೇಲೆ ನೀನು ನಮ್ಮೋಳು,” ಅಂದಳು ಕಾಲರಕ್ಕ, ಹೊಸದಾಗಿ ಸೇರಿದ ಹುಡುಗಿಗೆ. ಅಂಗಿಗಳಿಗೆ ಕಾಲರ್ ಹೊಲಿಯುವುದು ಅವಳ ಕೆಲಸ. ಆ ಹೊಲಿಗೆ ಕಾರ್ಖಾನೆಯಲ್ಲಿ ಯಾರು ಯಾರ ಪಕ್ಕ ಕೂತು ಉಣ್ಣಬೇಕೆಂದು ತೀರ್ಮಾನಿಸುವುದೂ ಅವಳೇ.

ತುಟಿಯಾಟವೆಂದರೆ ದೊಡ್ಡ ವಿದ್ಯೆಯೇನಲ್ಲ. ಹುಡುಗಿಯ ಅಮ್ಮ ಅಲ್ಲೇ ಗುಂಡಿ ಹಚ್ಚುವವಳು; ಅವಳಿಗೆ ಹೊಲಿಗೆ ಮಿಷನ್ನುಗಳ ಸದ್ದಿನಲ್ಲೇ ಆಯುಷ್ಯ ಸವೆದು ಕಿವಿ ಮಂದವಾಗಿತ್ತು. ಅವಳೆದುರು ನಿಂತು ದನಿ ಹೊರಡಿಸದೆ ಬರೀ ತುಟಿ ಅಲ್ಲಾಡಿಸಬೇಕು. ಕಿವಿಗೆ ಸಿಕ್ಕಿಸಿದ ಯಂತ್ರ ಕೆಟ್ಟಿತೆಂದು ಅವಳು ಗಾಬರಿಯಾದರೆ ಗೆದ್ದಂತೆ. ಹುಡುಗಿಯರೆಲ್ಲ ಆಡಿ ಸೋತಿದ್ದರು. ಅಮ್ಮ ಸುಮ್ಮನೆ ನಕ್ಕು ಮತ್ತೆ ಸೂಜಿ ಹಿಡಿಯುತ್ತಿದ್ದಳು.

ಮಗಳನ್ನು ಕೆಲಸಕ್ಕೆ ಸೇರಿಸಿದವಳು ಅಮ್ಮನೇ. ತಿಂಗಳಾಗುತ್ತ ಬಂದರೂ ಊಟದ ಹೊತ್ತಿಗೆ ಇವಳನ್ನು ಕಂಡೊಡನೆ ಕಿಟಕಿ ಪಕ್ಕದ ಬೆಂಚಿನವರು ಡಬ್ಬಿಗಳನ್ನು ಹರಡಿಕೊಂಡು ಕೂರುತ್ತಿದ್ದರು. ಅಮ್ಮನ ಜೊತೆ ಕೂತರೆ ‘ಕಿವುಡಿ ಮಗಳು’ ಎಂಬ ಹೆಸರು ಗಟ್ಟಿಯಾದೀತೆಂಬ ಭಯ. ಕೈ ತೊಳೆಯುವ ನಲ್ಲಿಯ ಹತ್ತಿರ ಒಬ್ಬಳೇ ನಿಂತು ಉಂಡು ಉಂಡು ಅವಳಿಗೆ ಸಾಕಾಗಿ ಹೋಗಿತ್ತು.

ಹೋಗಿ ಅಮ್ಮನೆದುರು ನಿಂತಳು. ಏನು ಹೇಳುವುದೆಂದು ತೋಚದೆ, ‘ಅಮ್ಮಾ, ಊಟ ಆಯ್ತಾ’ ಎಂದೇ ಸದ್ದಿಲ್ಲದೆ ತುಟಿ ಆಡಿಸಿದಳು.

ಅಮ್ಮ ಅವಳ ಮುಖ ನೋಡಿದಳು. ಬೆಂಚಿನ ಕಡೆ ನೋಡಿದಳು. ಆಮೇಲೆ ಯಂತ್ರವನ್ನು ಕಿವಿಯಿಂದ ತೆಗೆದು ಅಂಗೈಗೆ ಬಡಿದು, ಸೆರಗಿನಿಂದ ಉಜ್ಜಿ, ಮತ್ತೆ ಸಿಕ್ಕಿಸಿಕೊಂಡು, “ಏನೂ ಕೇಳಿಸ್ತಿಲ್ವಲ್ಲೇ, ಏನಾಯ್ತೋ ಇದಕ್ಕೆ,” ಅಂದಳು.

ಬೆಂಚಿನವರು ಬಿದ್ದು ಬಿದ್ದು ನಕ್ಕರು. ಮಗಳೂ ನಕ್ಕಳು, ಎಲ್ಲರಿಗಿಂತ ಜೋರಾಗಿ. ಕಾಲರಕ್ಕ ಸರಿದು ಕೂತು ಪಕ್ಕದ ಜಾಗ ತಟ್ಟಿದಳು. ಮಗಳು ಕೂತಳು, ಡಬ್ಬಿ ಬಿಚ್ಚಿದಳು. ತುತ್ತು ಕಲಸುತ್ತಲೇ ಅಮ್ಮನ ಕಿವಿಯ ಕಡೆ ನೋಡಿದಳು.

ಸಂಜೆ ಮನೆಗೆ ನಡೆಯುವಾಗ ಅವಳಿಗೆ ತಡೆಯಲಾಗಲಿಲ್ಲ. “ಅಮ್ಮಾ, ಬ್ಯಾಟರಿ ಹೋಗಿರ್ಬೇಕು. ಹೊಸದು ತಗೊಳ್ಳೋಣ,” ಎಂದು ಗಟ್ಟಿಯಾಗಿ ಹೇಳಿದಳು.

“ಯಾಕೆ ಅಷ್ಟು ಕೂಗ್ತೀಯ? ಬ್ಯಾಟರಿ ಚೆನ್ನಾಗೇ ಇದೆ,” ಅಂದಳು ಅಮ್ಮ. “ನೀನು ನಕ್ಕಿದ್ದೂ ಕೇಳಿಸ್ತು.”

ಮನೆಯ ತಿರುವಿನಲ್ಲಿ ಅಮ್ಮನೇ ಕೇಳಿದಳು:

“ನಾಳೇನೂ ಜಾಗ ಕೊಡ್ತಾರಂತಾ?”