ಹರಳೆಣ್ಣೆ ಕುಡಿಯುವ ವಿಮಾನ

ಈಗಲೂ ಹರಳೆಣ್ಣೆಯ ಸೀಸೆ ತೆರೆದರೆ ನನಗೆ ವಿಮಾನದ ನೆನಪಾಗುತ್ತದೆ.

ಆಗ ನಾವು ಸಿಡ್ನಿಯ ದಿ ಪಾಂಡ್ಸ್ ಬಡಾವಣೆಯಲ್ಲಿದ್ದೆವು. ನನಗೆ ಒಂಬತ್ತು ವರ್ಷ. ನೂರು ವರ್ಷ ಹಿಂದಿನ ವಿಮಾನಗಳೆಂದರೆ ಹುಚ್ಚು. ಲೈಬ್ರರಿ ಪುಸ್ತಕ ನೋಡಿ ಬಿಡಿಸಿದ ಚಿತ್ರಗಳು ನನ್ನ ಗೋಡೆಯ ತುಂಬ ಇದ್ದವು. ಅಂಥದೇ ಒಂದು ವಿಮಾನ ಊರಾಚೆಯ ಏರ್‌ಫೀಲ್ಡಿಗೆ ಬಂದಾಗ ಅಪ್ಪ ನನ್ನನ್ನೂ ಮೈಸೂರಿನಿಂದ ಬಂದಿದ್ದ ಅಜ್ಜಿಯನ್ನೂ ಕರೆದೊಯ್ದರು.

ಸುತ್ತಲೂ ಹಗ್ಗ ಕಟ್ಟಿದ್ದರು. ಮಕ್ಕಳು ಹತ್ತಿರ ಬರುವಂತಿಲ್ಲ ಎಂದು ಮುದುಕ ಪೈಲಟ್ ಹೇಳಿಬಿಟ್ಟ. ನನಗೆ ಅಳುವೇ ಬಂತು. ಅಷ್ಟರಲ್ಲಿ ಅಜ್ಜಿ ಮೂಗರಳಿಸಿದರು.

"ಇದೇನೋ, ಇಲ್ಲಿ ಹರಳೆಣ್ಣೆ ವಾಸನೆ!"

"ಅಮ್ಮಾ, ಅದು ಎಂಜಿನ್ ಆಯಿಲ್," ಎಂದು ಅಪ್ಪ ನಕ್ಕರು.

"ನಿನ್ನ ನೆತ್ತಿಗೆ ವರ್ಷಗಟ್ಟಲೆ ತಟ್ಟಿದೀನಿ, ನಂಗೇ ಹೇಳ್ತೀಯಾ?"

ಅಜ್ಜಿಗೆ ಹರಳೆಣ್ಣೆ ವಾಸನೆ ಬರುತ್ತಿದೆಯಂತೆ ಎಂದು ನಾನು ಪೈಲಟ್‌ಗೆ ಇಂಗ್ಲಿಷಿನಲ್ಲಿ ಕೂಗಿ ಹೇಳಿದೆ. ಆತ ಸರಕ್ಕನೆ ತಿರುಗಿದ. ಈ ಎಂಜಿನ್ ಕುಡಿಯುವುದು ಹರಳೆಣ್ಣೆಯನ್ನೇ, ಇಷ್ಟು ಜನರಲ್ಲಿ ವಾಸನೆಯಿಂದಲೇ ಕಂಡುಹಿಡಿದವರು ನಿನ್ನ ಅಜ್ಜಿ ಮಾತ್ರ ಎನ್ನುತ್ತ ಹಗ್ಗ ಎತ್ತಿಹಿಡಿದ.

ನನ್ನನ್ನು ಬೆತ್ತದ ಸೀಟಿನಲ್ಲಿ ಕೂರಿಸಿದ. ಅಜ್ಜಿ ರೆಕ್ಕೆಯ ಬಟ್ಟೆಯನ್ನು ಮೆಲ್ಲಗೆ ಸವರಿದರು.

"ಬರೀ ಬಟ್ಟೆ, ಕಟ್ಟಿಗೆ. ಇದ್ರಲ್ಲಿ ಹಾರ್ತಿದ್ರಾ?"

"ಹೂಂ ಅಜ್ಜಿ, ಹಾರ್ತಿದ್ರು. ಮೇಲೆ ತುಂಬಾ ಚಳಿ. ಆದ್ರೂ ಹಾರ್ತಿದ್ರು!"

ಅಪ್ಪ ಥಟ್ಟನೆ ನನ್ನತ್ತ ನೋಡಿದರು. ಅಲ್ಲಿಯವರೆಗೆ ಮನೆಯಲ್ಲಿ ಯಾರು ಕನ್ನಡದಲ್ಲಿ ಏನು ಕೇಳಿದರೂ ನಾನು ಇಂಗ್ಲಿಷಿನಲ್ಲೇ ಉತ್ತರಿಸುತ್ತಿದ್ದೆ. ಅಜ್ಜಿ ಮಾತ್ರ ಏನೂ ವಿಶೇಷ ನಡೆದಿಲ್ಲವೆಂಬಂತೆ ಸೆರಗು ಸಿಕ್ಕಿಸಿಕೊಂಡು, "ಆಮೇಲೆ?" ಎಂದರು.