ಮೌಲಾಸಾಬನ ಮೊಣಕಾಲು

ಫಕೀರಪ್ಪ ಧೋತರ ಮೇಲೆತ್ತಿ ಬೆಂಚಿನ ಮೇಲೆ ಬಲಗಾಲು ಚಾಚಿದ. ಮೊಣಕಾಲ ಚಿಪ್ಪಿನ ಸುತ್ತ ಬಾವು ಬಂದಿತ್ತು.

"ಕಾಕಾ, ಇವತ್ತರೆ ಈ ನೋವು ತೆಗೀಲೇನು?" ಸೂಜಿ ಚಿಕಿತ್ಸೆಯ ಡಾಕ್ಟರಮ್ಮ ಕೇಳಿದರು. "ನೋವಿನ ಮಾಲಕ ತೀರಿಕೊಂಡ ಮ್ಯಾಲೆ ಒಂದ ಸೂಜಿ ಸಾಕು. ಕಾಯಂ ಹೋಗ್ತೈತಿ."

ಬದುಕಿರುವವರ ನೋವನ್ನು ಸೂಜಿ ಅಳಿಸುವುದಿಲ್ಲ, ಇನ್ನೊಬ್ಬರಿಗೆ ದಾಟಿಸುತ್ತದೆ, ಅಷ್ಟೇ. ಎರಡು ವರ್ಷದ ಹಿಂದೆ ಇದೇ ಬೆಂಚಿನಲ್ಲಿ ಪಕ್ಕಕ್ಕೆ ಕೂತು ಮೌಲಾಸಾಬ ತನ್ನ ಮೊಣಕಾಲ ನೋವನ್ನು ಫಕೀರಪ್ಪನಿಗೆ ದಾಟಿಸಿದ್ದ. ಮಗಳ ಮದುವೆಯಲ್ಲಿ ಕುಂಟುತ್ತ ಓಡಾಡಬಾರದೆಂಬ ಆಸೆ ಅವನಿಗೆ. "ಸೋಮವಾರ ಹೊಳ್ಳಿ ತಗೊಂತೀನಿ" ಅಂದಿದ್ದ. ರವಿವಾರ ಬೀಗರನ್ನು ಕಳಿಸಿ ಗೋಡೆಗೆ ಒರಗಿದವನು ಏಳಲೇ ಇಲ್ಲ.

ಮೂವತ್ತು ವರ್ಷ ಇಬ್ಬರೂ ಜೋಡಿಯಾಗಿ ಮಂಡಿಯೂರಿ ಟೈಲ್ಸ್ ಕೂರಿಸಿದವರು. ಸಾಲು ನೇರ ಬರಲೆಂದು ಹಿಡಿಯುವ ದಾರದ ಆ ತುದಿ ಮೌಲಾಸಾಬನ ಕೈಯಲ್ಲಿರುತ್ತಿತ್ತು. ಈಗ ಫಕೀರಪ್ಪ ಅದನ್ನು ಮೊಳೆಗೆ ಕಟ್ಟುತ್ತಾನೆ. ದಿನವಿಡೀ ಮಾತಿಲ್ಲ.

"ಹೊಳ್ಳಿ ತಗೊಂತೀನಿ ಅಂದಾನ್ರೀ," ಎನ್ನುತ್ತ ಫಕೀರಪ್ಪ ಧೋತರ ಇಳಿಸಿದ. "ಇರ್ಲಿ ಬಿಡ್ರಿ. ಮುಂದಿನ ಸೋಮವಾರ ಬರ್ತೀನಿ."

ಹೊರಗಿನ ಮೆಟ್ಟಿಲಲ್ಲಿ ಚಿಪ್ಪಿನ ಕೆಳಗೆ ಸಳಕ್ಕೆಂದಿತು. ಅವನು ಗೋಡೆ ಹಿಡಿದು ನಿಂತು, ಮೊಣಕಾಲ ಮೇಲೆ ಅಂಗೈ ಇಟ್ಟ.

"ಸಾವಕಾಶ ಇಳಿಯೋ ಮೌಲಾ," ಎಂದ.